ಮೋಲ್ಡಿಂಗ್ ಸಿಮ್ಯುಲೇಶನ್‌ನ ಹೊಸ ವರ್ಷನ್ ಬಂತಾ? ಹೊಸ ಫೀಚರ್‌ಗಳನ್ನು ಕೆಲಸಕ್ಕೆ ಹಚ್ಚುವ ಮೊದಲು ಹೀಗೆ ಪರೀಕ್ಷೆ ಮಾಡಿ

"ಅದೇ ಪಾರ್ಟ್, ಅದೇ ಮೆಟೀರಿಯಲ್, ಅದೇ ಸೆಟ್ಟಿಂಗ್. ಹೊಸ ವರ್ಷನ್‌ನಲ್ಲಿ ರನ್ ಮಾಡಿದ್ರೆ ವಾರ್ಪೇಜ್ ಬೇರೆ ಬರ್ತಿದೆ. ಯಾವುದನ್ನ ನಂಬೋದು?" ಈ ಪ್ರಶ್ನೆ ಬಿಟ್ಟೂಬಿಡದೆ ಬರುತ್ತಿದೆ. ಅದರ ಬೆನ್ನಿಗೇ ಇನ್ನೊಂದು: "ಇಷ್ಟೊಂದು ಹೊಸ ಫೀಚರ್ ಕೊಟ್ಟಿದ್ದಾರೆ, ಎಲ್ಲಾ ಆನ್ ಮಾಡಬೇಕಾ?" ಎರಡಕ್ಕೂ ಉತ್ತರ ಒಂದೇ ಕಡೆ ಇರಲಿ ಅಂತ ಇದನ್ನು ಬರೆಯುತ್ತಿದ್ದೇನೆ. ಮೋಲ್ಡಿಂಗ್ ಸಿಮ್ಯುಲೇಶನ್ ಅಂದರೆ ಕರಗಿದ ಪ್ಲಾಸ್ಟಿಕ್ಕನ್ನು ಮೋಲ್ಡ್ (ಅಚ್ಚು) ಒಳಗೆ ತಳ್ಳಿ ಪಾರ್ಟ್ ಮಾಡುವುದನ್ನು ಮೊದಲೇ ಕಂಪ್ಯೂಟರ್‌ನಲ್ಲಿ ಲೆಕ್ಕ ಹಾಕಿ ನೋಡುವುದು. ವಾರ್ಪೇಜ್ ಅಂದರೆ ಪಾರ್ಟ್ ತಣಿದಾಗ ಬಾಗುವುದು.

ನೀವು ಮೋಲ್ಡ್‌ಫ್ಲೋ ಬಳಸಿ, ಮೋಲ್ಡೆಕ್ಸ್ ತ್ರೀಡಿ ಬಳಸಿ, ಸಿಗ್ಮಾಸಾಫ್ಟ್, ಕ್ಯಾಡ್‌ಮೋಲ್ಡ್, ಸಾಲಿಡ್‌ವರ್ಕ್ಸ್ ಪ್ಲಾಸ್ಟಿಕ್ಸ್ ಯಾವುದೇ ಬಳಸಿ, ದಾರಿ ಇದೇ. ಬಟನ್‌ಗಳ ಹೆಸರು ಬೇರೆ ಇರಬಹುದು, ಒಳಗಿನ ಲೆಕ್ಕ ಹೆಚ್ಚು ಕಡಿಮೆ ಒಂದೇ ಜಾತಿಯದು.

ನನ್ನ ಮಾತು ಇಷ್ಟೇ: ಹೊಸ ಫೀಚರನ್ನು ಹೊಸ ಪ್ರಾಜೆಕ್ಟ್ ಮೇಲೆ ಪರೀಕ್ಷೆ ಮಾಡಬೇಡಿ. ಈಗಾಗಲೇ ಮಷಿನ್ ಮೇಲೆ ಓಡಿದ, ಅಳತೆ ಗೊತ್ತಿರುವ ಒಂದು ಹಳೇ ಪಾರ್ಟ್ ಇಟ್ಟುಕೊಳ್ಳಿ. ಒಂದು ಸಲಕ್ಕೆ ಒಂದೇ ಫೀಚರ್ ಆನ್ ಮಾಡಿ. ಉತ್ತರ ಶಾಪ್ ಫ್ಲೋರ್ ಕಡೆಗೆ ಹೋಯಿತಾ, ದೂರ ಹೋಯಿತಾ ನೋಡಿ. ಹೊಸ ಉತ್ತರ ಹಳೇ ಉತ್ತರಕ್ಕಿಂತ ಬೇರೆ ಅನ್ನೋದು ಮುಖ್ಯ ಅಲ್ಲ, ಅದು ನಿಜವಾದ ಪಾರ್ಟಿಗೆ ಹತ್ತಿರ ಇದೆಯಾ ಅನ್ನೋದು ಮುಖ್ಯ.

ಮೊದಲು ಏನೇನು ಬೇಕು

ಹಳೇ ವರ್ಷನ್ ಇನ್ನೂ ಕಂಪ್ಯೂಟರ್‌ನಲ್ಲಿ ಇರಬೇಕು. ಹೊಸದು ಪಕ್ಕದಲ್ಲಿ ಇನ್‌ಸ್ಟಾಲ್ ಆಗಿರಬೇಕು. ಹೊಸ ವರ್ಷನ್ ಜೊತೆ ಬರುವ ರಿಲೀಸ್ ನೋಟ್ಸ್, ಅಂದರೆ ಏನೇನು ಬದಲಾಗಿದೆ ಅನ್ನುವ ಪಟ್ಟಿ, ಪೂರ್ತಿಯಾಗಿ ಬೇಕು. ಪ್ರಚಾರದ ವಿಡಿಯೋ ಸಾಲದು. ಒಂದು ಹಳೇ ಪಾರ್ಟಿನ ಕ್ಯಾಡ್ ಫೈಲ್, ಅದರ ಟ್ರಯಲ್ ರಿಪೋರ್ಟ್, ಆಗ ಓಡಿಸಿದ ಮಷಿನ್‌ನ ವಿವರ ಬೇಕು. ಮತ್ತೆ, ಮೋಲ್ಡಿಂಗ್ ಶಾಪ್‌ನಲ್ಲಿ ಪ್ರೋಸೆಸ್ ನೋಡಿಕೊಳ್ಳುವವರ ಜೊತೆ ಅರ್ಧ ದಿನ ಕೂರುವ ಅವಕಾಶ. ಇದು ಎಲ್ಲಕ್ಕಿಂತ ಮುಖ್ಯ, ಎಲ್ಲರೂ ಬಿಟ್ಟುಬಿಡುವುದೂ ಇದನ್ನೇ.

1. ರಿಲೀಸ್ ನೋಟ್ಸ್ ಓದಿ, ಆದರೆ ವಿಂಗಡಿಸಿ ಓದಿ

ಪಟ್ಟಿಯಲ್ಲಿ ಇರುವುದನ್ನೆಲ್ಲ ಮೂರು ಗುಂಪು ಮಾಡಿಕೊಳ್ಳಿ. ಕೆಲಸ ಸುಲಭ ಮಾಡುವಂಥವು ಒಂದು ಗುಂಪು: ಹೊಸ ಮೆನು, ರಿಪೋರ್ಟ್ ತಾನೇ ತಯಾರಾಗುವುದು, ಕ್ಯಾಡ್ ಇಂಪೋರ್ಟ್ ಸುಧಾರಣೆ. ಇವುಗಳನ್ನು ಇವತ್ತೇ ಬಳಸಿ, ತೊಂದರೆ ಇಲ್ಲ. ವೇಗ ಹೆಚ್ಚಿಸುವಂಥವು ಇನ್ನೊಂದು: ಗ್ರಾಫಿಕ್ಸ್ ಕಾರ್ಡ್ ಮೇಲೆ ಲೆಕ್ಕ ಓಡಿಸುವುದು, ಕ್ಲೌಡ್, ಜಾಸ್ತಿ ಕೋರ್. ಮೂರನೆಯದು ಸಾಲ್ವರ್ ಬದಲಾವಣೆಗಳು. ಸಾಲ್ವರ್ ಅಂದರೆ ಒಳಗೆ ಕೂತು ಸಮೀಕರಣ ಬಿಡಿಸುವ ಭಾಗ. ನಿಮ್ಮ ಉತ್ತರ ಬದಲಾಗುವುದು ಹೆಚ್ಚಾಗಿ ಇಲ್ಲಿಂದ.

ಈ ಮೂರನೇ ಗುಂಪಿನಲ್ಲೂ ಒಂದು ಮಾತನ್ನು ಹುಡುಕಿ: "ಡಿಫಾಲ್ಟ್ ಬದಲಾಗಿದೆ." ಡಿಫಾಲ್ಟ್ ಅಂದರೆ ನೀವು ಏನೂ ಮುಟ್ಟದಿದ್ದರೆ ಸಾಫ್ಟ್‌ವೇರ್ ತಾನೇ ಇಟ್ಟುಕೊಳ್ಳುವ ಬೆಲೆ. ಫೈಬರ್ ಓರಿಯೆಂಟೇಶನ್ ಮಾಡೆಲ್ (ಪ್ಲಾಸ್ಟಿಕ್‌ನಲ್ಲಿ ಬೆರೆಸಿದ ನಾರುಗಳು ಯಾವ ಕಡೆ ಮಲಗುತ್ತವೆ ಅನ್ನುವ ಲೆಕ್ಕ) ಇರಬಹುದು, ಮೆಶ್ (ಲೆಕ್ಕಕ್ಕಾಗಿ ಪಾರ್ಟನ್ನು ಒಡೆದ ಸಣ್ಣ ತುಂಡುಗಳ ಜಾಲ) ಪದರಗಳ ಸಂಖ್ಯೆ ಇರಬಹುದು, ಮೋಲ್ಡ್ ಮತ್ತು ಪ್ಲಾಸ್ಟಿಕ್ ನಡುವಿನ ಶಾಖ ವರ್ಗಾವಣೆಯ ಗುಣಾಂಕ ಇರಬಹುದು. ನೀವು ಯಾವ ಫೀಚರನ್ನೂ ಆನ್ ಮಾಡಿರುವುದಿಲ್ಲ, ಆದರೂ ಉತ್ತರ ಬೇರೆ ಬರುತ್ತದೆ. "ಏನೂ ಬದಲಾಯಿಸಿಲ್ಲ, ಆದ್ರೂ ಬೇರೆ ಬಂತು" ಅನ್ನುವವರ ಫೈಲ್ ಬಿಚ್ಚಿ ನೋಡಿದರೆ ತುಂಬಾ ಸಲ ಸಿಗುವುದು ಇದೇ.

2. ಹಳೇ ಪ್ರಾಜೆಕ್ಟನ್ನು ಹೊಸದರಲ್ಲಿ ನೇರವಾಗಿ ತೆರೆಯಬೇಡಿ

ಇಡೀ ಫೋಲ್ಡರನ್ನು ಕಾಪಿ ಮಾಡಿ, ಕಾಪಿಯನ್ನು ಮಾತ್ರ ಹೊಸ ವರ್ಷನ್‌ನಲ್ಲಿ ತೆರೆಯಿರಿ. ಸಾಮಾನ್ಯವಾಗಿ ಹೊಸದರಲ್ಲಿ ಸೇವ್ ಆದ ಫೈಲ್ ಮತ್ತೆ ಹಳೆಯದರಲ್ಲಿ ತೆರೆಯುವುದಿಲ್ಲ. ನೀವೇ ತಯಾರಿಸಿಕೊಂಡ ಮೆಟೀರಿಯಲ್ ಡೇಟಾಬೇಸ್, ಮಷಿನ್ ಡೇಟಾಬೇಸ್ ಇದ್ದರೆ ಅವುಗಳದ್ದೂ ಕಾಪಿ ಇಡಿ. ಇಷ್ಟೇ, ಮುಂದಕ್ಕೆ ಹೋಗೋಣ.

3. ಪರೀಕ್ಷೆಯ ಪಾರ್ಟನ್ನು ಆರಿಸಿ

ಇಲ್ಲಿ ಸ್ವಲ್ಪ ಜಾಸ್ತಿ ಹೊತ್ತು ನಿಲ್ಲಬೇಕು, ಯಾಕೆಂದರೆ ಮುಂದಿನದೆಲ್ಲ ಇದರ ಮೇಲೆ ನಿಂತಿದೆ.

ತೀರಾ ಸರಳವಾದ ಚಪ್ಪಟೆ ಪ್ಲೇಟ್ ಬೇಡ. ತೀರಾ ಕಷ್ಟದ, ಹತ್ತಾರು ವಾಲ್ವ್ ಗೇಟ್ (ಗೇಟ್ ಅಂದರೆ ಪ್ಲಾಸ್ಟಿಕ್ ಪಾರ್ಟಿನೊಳಗೆ ನುಗ್ಗುವ ಬಾಯಿ, ವಾಲ್ವ್ ಇದ್ದರೆ ಅದನ್ನು ತೆರೆದು ಮುಚ್ಚಬಹುದು) ಇರುವ ದೊಡ್ಡ ಪಾರ್ಟೂ ಬೇಡ, ಅದು ಒಂದು ರನ್‌ಗೆ ರಾತ್ರಿಯಿಡೀ ತೆಗೆದುಕೊಳ್ಳುತ್ತದೆ. ನೀವು ದಿನಾ ಮಾಡುವ ಜಾತಿಯ ಪಾರ್ಟ್ ಇರಲಿ. ಫೈಬರ್ ಇರುವ ಮೆಟೀರಿಯಲ್ ಜಾಸ್ತಿ ಬಳಸುತ್ತೀರಾದರೆ ಅಂಥದ್ದೇ ಒಂದು. ತೆಳು ಗೋಡೆಯ ಡಬ್ಬ ಮಾಡುತ್ತೀರಾದರೆ ಅದೇ.

ಆ ಪಾರ್ಟಿಗೆ ಶಾಪ್ ಫ್ಲೋರ್‌ನಿಂದ ಇವು ಬೇಕು:

ಶಾರ್ಟ್ ಶಾಟ್ ಸರಣಿ. ಶಾರ್ಟ್ ಶಾಟ್ ಅಂದರೆ ಮೋಲ್ಡ್ ಪೂರ್ತಿ ತುಂಬದ ಪಾರ್ಟ್. ಹೋಲ್ಡಿಂಗ್, ಅಂದರೆ ಮೋಲ್ಡ್ ತುಂಬಿದ ಮೇಲೂ ಒತ್ತಿ ಹಿಡಿಯುವ ಹಂತವನ್ನು ತೆಗೆದುಹಾಕಿ, ಬೇಕಂತಲೇ ಸ್ವಲ್ಪ ಸ್ವಲ್ಪ ತುಂಬಿಸಿ, ಪ್ರತಿಯೊಂದನ್ನೂ ತೂಕ ಮಾಡಿ, ಫೋಟೋ ತೆಗೆದು ಇಡಬೇಕು. ಪ್ಲಾಸ್ಟಿಕ್ ಮುಂದೆ ಸಾಗುವ ಅಂಚು ಎಲ್ಲೆಲ್ಲಿ ಹೇಗೆ ಹೋಯಿತು ಅನ್ನುವುದಕ್ಕೆ ಇದಕ್ಕಿಂತ ಒಳ್ಳೆ ಸಾಕ್ಷಿ ಇಲ್ಲ.

ಗೇಟ್ ಫ್ರೀಜ್ ಪರೀಕ್ಷೆ. ಹೋಲ್ಡಿಂಗ್ ಟೈಮನ್ನು ಸ್ವಲ್ಪ ಸ್ವಲ್ಪ ಹೆಚ್ಚಿಸುತ್ತಾ ಪಾರ್ಟಿನ ತೂಕ ನೋಡುವುದು. ತೂಕ ಏರುವುದು ಯಾವಾಗ ನಿಲ್ಲುತ್ತದೋ ಆಗ ಗೇಟ್ ಗಟ್ಟಿಯಾಗಿದೆ ಅಂತ. ಆ ಸೆಕೆಂಡನ್ನು ಬರೆದಿಡಿ.

ಇಂಜೆಕ್ಷನ್ ಪ್ರೆಶರ್‌ನ ಗ್ರಾಫ್, ಬರೀ ಗರಿಷ್ಠ ಬೆಲೆ ಅಲ್ಲ. ಜೊತೆಗೆ ಏರ್ ಶಾಟ್ ಪ್ರೆಶರ್ ಕೂಡ ಬೇಕು, ಅಂದರೆ ಮಷಿನ್‌ನ ಮೂತಿಯಾದ ನಾಝಲ್‌ನಿಂದ ಮೋಲ್ಡ್‌ಗೆ ಹಾಕದೆ ಖಾಲಿ ಗಾಳಿಗೆ ಅದೇ ವೇಗದಲ್ಲಿ ತಳ್ಳಿದಾಗ ಎಷ್ಟು ಪ್ರೆಶರ್ ಬೇಕಾಯಿತು ಅನ್ನುವುದು. ಏರ್ ಶಾಟ್ ಮಾಡುವಾಗ ಬಿಸಿ ಪ್ಲಾಸ್ಟಿಕ್ ಸಿಡಿಯುತ್ತದೆ, ಗಾರ್ಡ್ ಮುಚ್ಚಿರಲಿ, ಗೊತ್ತಿರುವವರೇ ಮಾಡಲಿ.

ಕೊನೆಗೆ ಪಾರ್ಟಿನ ಅಳತೆ. ಮೋಲ್ಡ್‌ನಿಂದ ಬಿದ್ದ ತಕ್ಷಣ ಅಳೆದದ್ದು ಲೆಕ್ಕಕ್ಕಿಲ್ಲ. ಮೋಲ್ಡಿಂಗ್ ಶ್ರಿಂಕೇಜ್ (ತಣಿದಾಗ ಪಾರ್ಟ್ ಕುಗ್ಗುವುದು) ಅಳೆಯುವ ಐಎಸ್‌ಒ 294-4 ಮಾನದಂಡ 16ರಿಂದ 24 ಗಂಟೆ ಕಾದು ಅಳೆಯಿರಿ ಅನ್ನುತ್ತದೆ. ನೈಲಾನ್ ಆದರೆ ತೇವ ಹೀರಿಕೊಂಡು ಉಬ್ಬುತ್ತದೆ, ಅಳೆದಾಗ ಒಣಗಿತ್ತಾ ಇಲ್ಲವಾ ಅನ್ನುವುದನ್ನೂ ಬರೆಯಿರಿ.

ಇಷ್ಟು ಕಷ್ಟಪಡಬೇಕಾ ಅನ್ನಿಸಬಹುದು. ಒಂದು ಸಲ ಮಾಡಿಟ್ಟರೆ ಮುಂದಿನ ಎಲ್ಲಾ ವರ್ಷನ್‌ಗಳಿಗೂ ಅದೇ ಪಾರ್ಟ್ ಉಪಯೋಗಕ್ಕೆ ಬರುತ್ತದೆ.

4. ಏನನ್ನೂ ಆನ್ ಮಾಡದೆ ಎರಡರಲ್ಲೂ ಓಡಿಸಿ

ಹಳೇ ವರ್ಷನ್‌ನಲ್ಲಿ ಒಂದು ರನ್. ಅದೇ ಮೆಶ್, ಅದೇ ಮೆಟೀರಿಯಲ್ ಕಾರ್ಡ್ (ಆ ಪ್ಲಾಸ್ಟಿಕ್‌ನ ಗುಣಗಳ ಡೇಟಾ), ಅದೇ ಪ್ರೋಸೆಸ್ ಸೆಟ್ಟಿಂಗ್ ಇಟ್ಟುಕೊಂಡು ಹೊಸ ವರ್ಷನ್‌ನಲ್ಲಿ ಒಂದು ರನ್. ಗರಿಷ್ಠ ಪ್ರೆಶರ್, ಪಾರ್ಟಿನ ತೂಕ, ಗೇಟ್ ಫ್ರೀಜ್ ಟೈಮ್, ಎರಡು ಮೂರು ಮುಖ್ಯ ಜಾಗದ ವಾರ್ಪೇಜ್, ಇಷ್ಟನ್ನು ಪಕ್ಕ ಪಕ್ಕ ಬರೆಯಿರಿ. ಜೊತೆಗೆ ಶಾಪ್ ಫ್ಲೋರ್ ಬೆಲೆ.

ಎರಡರ ಉತ್ತರ ಬೇರೆ ಬಂದರೆ ಹೊಸ ಫೀಚರ್‌ಗಳ ಕಡೆ ಹೋಗಲೇಬೇಡಿ. ಮೊದಲು ಎರಡೂ ರನ್‌ಗಳ ಲಾಗ್ ಫೈಲ್ ಪಕ್ಕ ಪಕ್ಕ ಇಟ್ಟು ಯಾವ ಡಿಫಾಲ್ಟ್ ಬದಲಾಗಿದೆ ಹುಡುಕಿ. ಸಾಲ್ವರ್ ಯಾವ ಯಾವ ಬೆಲೆ ಬಳಸಿತು ಅನ್ನುವುದು ಲಾಗ್‌ನ ಶುರುವಿನಲ್ಲೇ ಇರುತ್ತದೆ. ಉದಾಹರಣೆಗೆ ಮೋಲ್ಡ್‌ಫ್ಲೋದಲ್ಲಿ ಪ್ಲಾಸ್ಟಿಕ್‌ನಿಂದ ಮೋಲ್ಡ್‌ಗೆ ಶಾಖ ಹೋಗುವ ಗುಣಾಂಕ ತುಂಬುವಾಗ 5000, ಪ್ಯಾಕಿಂಗ್‌ನಲ್ಲಿ, ಅಂದರೆ ಹೋಲ್ಡಿಂಗ್ ಹಂತದಲ್ಲಿ, 2500, ಪಾರ್ಟ್ ಗೋಡೆ ಬಿಟ್ಟ ಮೇಲೆ 1250 ಅಂತ ಬಹಳ ಕಾಲದಿಂದ ಬಳಕೆಯಲ್ಲಿದೆ. ಇಂಥ ಒಂದು ಸಂಖ್ಯೆ ಬದಲಾದರೂ ತೆಳು ಪಾರ್ಟ್‌ನಲ್ಲಿ ಪ್ರೆಶರ್ ಬದಲಾಗುತ್ತದೆ.

ಗಮನಿಸಿ: ತೂಕ ಹೋಲಿಸುವಾಗ ರನ್ನರ್ (ಗೇಟ್‌ವರೆಗೆ ಪ್ಲಾಸ್ಟಿಕ್ ತರುವ ಕಾಲುವೆ) ಸೇರಿಸಿದ್ದಾ ಬಿಟ್ಟಿದ್ದಾ ನೋಡಿ. ಸಿಮ್ಯುಲೇಶನ್ ಒಟ್ಟು ತೂಕ ಹೇಳುತ್ತಿರುತ್ತದೆ, ತಕ್ಕಡಿಯ ಮೇಲೆ ಬರೀ ಪಾರ್ಟ್ ಇರುತ್ತದೆ.

5. ಮೆಶ್: ಆಟೋಮ್ಯಾಟಿಕ್ ಅಂದ ಮಾತ್ರಕ್ಕೆ ಬಿಟ್ಟುಬಿಡಬೇಡಿ

ಮೆಶ್ ಅಂದರೆ ಪಾರ್ಟನ್ನು ಸಣ್ಣ ಸಣ್ಣ ತುಂಡುಗಳಾಗಿ ಒಡೆದ ಜಾಲ. ಈಗಿನ ಸಾಫ್ಟ್‌ವೇರ್‌ಗಳು ಒಂದೇ ಕ್ಲಿಕ್‌ಗೆ ತ್ರೀಡಿ ಮೆಶ್ ಮಾಡಿಕೊಡುತ್ತವೆ. ಗೋಡೆಯ ಹತ್ತಿರ ತೆಳು ಪದರಗಳನ್ನು ಜೋಡಿಸುವ ಬೌಂಡರಿ ಲೇಯರ್ ಮೆಶ್ ಕೂಡ ಸಿಗುತ್ತದೆ. ಇದು ಒಳ್ಳೆಯ ಫೀಚರ್, ಬಳಸಿ. ಯಾಕೆ ಅಂದರೆ ಮೋಲ್ಡ್ ಗೋಡೆಗೆ ತಾಗಿದ ಪ್ಲಾಸ್ಟಿಕ್ ಕ್ಷಣದಲ್ಲಿ ಗಟ್ಟಿಯಾಗುತ್ತದೆ, ಅದರ ಪಕ್ಕದಲ್ಲೇ ಶಿಯರ್ ಅತಿ ಜಾಸ್ತಿ ಇರುತ್ತದೆ. ಶಿಯರ್ ಅಂದರೆ ಒಂದು ಪದರ ಇನ್ನೊಂದರ ಮೇಲೆ ಜಾರುವ ಎಳೆತ. ತಾಪಮಾನ ಕೂಡಾ ಅಲ್ಲೇ ಕಡಿದಾಗಿ ಬದಲಾಗುತ್ತದೆ. ಅಲ್ಲಿ ಪದರ ಕಡಿಮೆ ಇದ್ದರೆ ಲೆಕ್ಕ ಒರಟಾಗುತ್ತದೆ.

ಗೋಡೆಯ ದಪ್ಪದಲ್ಲಿ ಎಷ್ಟು ಪದರ ಇದೆ ಅಂತ ಕತ್ತರಿಸಿ ನೋಡಿ. ಸುಮಾರು 10 ಇದ್ದರೆ ಒಳ್ಳೆಯದು. ತೆಳು ರಿಬ್ ಹತ್ತಿರ, ಗೇಟ್ ಹತ್ತಿರ ಬೇರೆಯಾಗಿ ನೋಡಿ, ಆಟೋಮ್ಯಾಟಿಕ್ ಮೆಶ್ ಎಡವುವುದು ಅಲ್ಲೇ. ಪಿನ್ ಪಾಯಿಂಟ್ ಗೇಟ್‌ನಲ್ಲಿ ಎರಡೇ ಪದರ ಇದ್ದು, ಶಿಯರ್ ರೇಟ್ ಏನೋ ಒಂದು ಬೆಲೆ ತೋರಿಸುತ್ತಿದ್ದರೆ ಆ ಬೆಲೆಗೆ ಅರ್ಥವೇ ಇಲ್ಲ.

ಇನ್ನೂ ಡ್ಯುಯಲ್ ಡೊಮೇನ್ ಬಳಸುವವರು, ಅಂದರೆ ಎರಡೂ ಬದಿಯ ಮೇಲ್ಮೈ ಮೆಶ್ ಮಾಡಿ ಜೋಡಿ ಹೊಂದಿಸುವ ವಿಧಾನದವರು, ಮ್ಯಾಚ್ ಪರ್ಸೆಂಟ್ ನೋಡಿ. 85ಕ್ಕಿಂತ ಕಡಿಮೆ ಇದ್ದರೆ ನಂಬಬೇಡಿ, ವಾರ್ಪೇಜ್ ಬೇಕಾದರೆ 90 ದಾಟಲಿ. ದಪ್ಪ, ಗಡ್ಡೆಯಂಥ ಪಾರ್ಟ್‌ಗಳಿಗೆ ತ್ರೀಡಿನೇ ಸರಿ.

ಮೆಶ್ ಫೀಚರ್ ಪರೀಕ್ಷೆ ಮಾಡುವ ರೀತಿ: ಅದೇ ಪಾರ್ಟನ್ನು ಇನ್ನೂ ಸಣ್ಣ ತುಂಡುಗಳ ಮೆಶ್‌ನಲ್ಲಿ ಒಂದು ಸಲ ಓಡಿಸಿ. ಪ್ರೆಶರ್ ಅಷ್ಟಾಗಿ ಅಲುಗಾಡದಿದ್ದರೆ ಮೊದಲಿನ ಮೆಶ್ ಸಾಕು.

6. ಮಷಿನ್‌ನ ಸ್ಕ್ರೂ ಮತ್ತು ಬ್ಯಾರೆಲ್ ಸೇರಿಸುವ ಫೀಚರ್: ನನ್ನ ಪ್ರಕಾರ ಹೆಚ್ಚು ಬೆಲೆ ಇರುವುದು ಇದಕ್ಕೇ

ಮೊದಲೆಲ್ಲ ಸಿಮ್ಯುಲೇಶನ್ ಸ್ಪ್ರೂ (ಪ್ಲಾಸ್ಟಿಕ್ ಮೋಲ್ಡ್‌ಗೆ ಇಳಿಯುವ ಮೊದಲ ದಾರಿ) ಬಾಯಿಯಿಂದ ಶುರುವಾಗುತ್ತಿತ್ತು. ನೀವು 50 ಘನ ಸೆಂಟಿಮೀಟರ್ ಪ್ರತಿ ಸೆಕೆಂಡ್ ಅಂತ ಕೊಟ್ಟರೆ ಮೊದಲ ಕ್ಷಣದಿಂದಲೇ ಅಷ್ಟು ಹರಿಯುತ್ತದೆ ಅಂತ ಅದು ಅಂದುಕೊಳ್ಳುತ್ತಿತ್ತು. ನಿಜವಾದ ಮಷಿನ್‌ನಲ್ಲಿ ಹಾಗಾಗುವುದಿಲ್ಲ. ಪ್ಲಾಸ್ಟಿಕ್ ತಳ್ಳುವ ಸ್ಕ್ರೂ ವೇಗ ಹಿಡಿಯಲು ಸಮಯ ಬೇಕು. ಸ್ಕ್ರೂ ಕೂತಿರುವ ಕೊಳವೆ, ಅಂದರೆ ಬ್ಯಾರೆಲ್‌ನ ಮುಂಭಾಗದಲ್ಲಿರುವ ಕರಗಿದ ಪ್ಲಾಸ್ಟಿಕ್ ಮೊದಲು ಕುಗ್ಗುತ್ತದೆ, ಆಮೇಲೆ ಮುಂದೆ ಹೋಗುತ್ತದೆ. ಈಗ ಕೆಲವು ಸಾಫ್ಟ್‌ವೇರ್‌ಗಳಲ್ಲಿ ಬ್ಯಾರೆಲ್, ನಾಝಲ್, ಮಷಿನ್‌ನ ಪ್ರತಿಕ್ರಿಯೆಯ ವೇಗ ಎಲ್ಲವನ್ನೂ ಲೆಕ್ಕಕ್ಕೆ ಸೇರಿಸಬಹುದು.

ಎಷ್ಟು ವ್ಯತ್ಯಾಸ ಬರುತ್ತದೆ ಅಂತ ಕೈಲೆಕ್ಕ ಮಾಡಿಯೇ ನೋಡೋಣ. ಸ್ಕ್ರೂ ವ್ಯಾಸ 40 ಮಿಲಿಮೀಟರ್ ಅಂತ ಇಟ್ಟುಕೊಳ್ಳಿ. ಅದರ ಅಡ್ಡಕೊಯ್ತದ ವಿಸ್ತೀರ್ಣ ಸುಮಾರು 12.57 ಚದರ ಸೆಂಟಿಮೀಟರ್. ಪಾರ್ಟ್ ಮತ್ತು ರನ್ನರ್ ಸೇರಿ 50 ಘನ ಸೆಂಟಿಮೀಟರ್, 1 ಸೆಕೆಂಡ್‌ನಲ್ಲಿ ತುಂಬಬೇಕು. 50ನ್ನು 12.57ರಿಂದ ಭಾಗಿಸಿದರೆ ಸುಮಾರು 4 ಸೆಂಟಿಮೀಟರ್, ಅಂದರೆ ಸ್ಕ್ರೂ ಸೆಕೆಂಡಿಗೆ 40 ಮಿಲಿಮೀಟರ್ ಓಡಬೇಕು. ಈಗ ಬ್ಯಾರೆಲ್ ಮುಂಭಾಗ, ನಾಝಲ್, ಹಾಟ್ ರನ್ನರ್ (ಬಿಸಿಯಾಗಿಯೇ ಇಡುವ ರನ್ನರ್) ಸೇರಿ 60 ಘನ ಸೆಂಟಿಮೀಟರ್ ಕರಗಿದ ಪ್ಲಾಸ್ಟಿಕ್ ಇದೆ ಅಂದುಕೊಳ್ಳಿ. 100 ಮೆಗಾಪಾಸ್ಕಲ್ ಒತ್ತಡಕ್ಕೆ ಪ್ಲಾಸ್ಟಿಕ್ ಮೆಲ್ಟ್ ಸುಮಾರಾಗಿ ಶೇ 5ರಿಂದ 8ರಷ್ಟು ಕುಗ್ಗುತ್ತದೆ, ಜಾತಿ ನೋಡಿಕೊಂಡು. ಅಲ್ಲಿಗೆ 3ರಿಂದ 5 ಘನ ಸೆಂಟಿಮೀಟರ್ ಆಯಿತು. ಸ್ಕ್ರೂ ಲೆಕ್ಕದಲ್ಲಿ ಎರಡೂವರೆಯಿಂದ 4 ಮಿಲಿಮೀಟರ್ ಓಟ ಬರೀ ಕುಗ್ಗಿಸುವುದಕ್ಕೇ ಹೋಯಿತು, ಮೋಲ್ಡ್‌ಗೆ ಒಂದು ಹನಿ ಹೋಗಿಲ್ಲ! ಸ್ವಿಚ್‌ಓವರ್ ಜಾಗ, ಅಂದರೆ ವೇಗದ ಹಿಡಿತದಿಂದ ಒತ್ತಡದ ಹಿಡಿತಕ್ಕೆ ಮಷಿನ್ ಬದಲಾಗುವ ಜಾಗ, ಒಂದೆರಡು ಮಿಲಿಮೀಟರ್ ಆಚೆ ಈಚೆ ಆದರೂ ಫ್ಲ್ಯಾಶ್ (ಮೋಲ್ಡ್ ಸಂದಿಯಿಂದ ಹೊರಬಂದ ತೆಳು ಅಂಚು) ಅಥವಾ ಶಾರ್ಟ್ ಬರುತ್ತದೆ ಅನ್ನುವುದು ನಿಮಗೆ ಗೊತ್ತೇ ಇದೆ. ಆದ್ದರಿಂದ ಸಿಮ್ಯುಲೇಶನ್‌ನ ಸ್ಕ್ರೂ ಪೊಸಿಶನ್ನು ಮಷಿನ್‌ನ ಸ್ಕ್ರೂ ಪೊಸಿಶನ್ ಜೊತೆ ಹೊಂದಬೇಕು ಅಂದರೆ ಈ ಫೀಚರ್ ಬೇಕೇ ಬೇಕು. ತೆಳು ಗೋಡೆಯ, ಅರ್ಧ ಸೆಕೆಂಡಿಗೂ ಮೊದಲೇ ತುಂಬುವ ಪಾರ್ಟ್‌ಗಳಲ್ಲಂತೂ ಇದಿಲ್ಲದೆ ಹೋಲಿಕೆ ಮಾಡುವುದೇ ವ್ಯರ್ಥ.

ಎಡವುವ ಜಾಗಗಳು ಇಲ್ಲಿ ಹಲವು:

ಹೈಡ್ರಾಲಿಕ್ ಪ್ರೆಶರ್ ಬೇರೆ, ಪ್ಲಾಸ್ಟಿಕ್ ಮೇಲಿನ ಪ್ರೆಶರ್ ಬೇರೆ. ಹೈಡ್ರಾಲಿಕ್ ಮಷಿನ್‌ನಲ್ಲಿ ಎಣ್ಣೆಯ ಒತ್ತಡವನ್ನು ಇಂಟೆನ್ಸಿಫಿಕೇಶನ್ ರೇಶಿಯೋದಿಂದ ಗುಣಿಸಬೇಕು. ಅದು ಸಾಮಾನ್ಯವಾಗಿ 10ರ ಆಸುಪಾಸು, ಆದರೆ ಸ್ಕ್ರೂ ವ್ಯಾಸ ಬದಲಾದರೆ ಅದೂ ಬದಲಾಗುತ್ತದೆ, ಮಷಿನ್ ಕೈಪಿಡಿ ನೋಡಿಯೇ ಹಾಕಿ. ಗೇಜ್‌ನಲ್ಲಿ 8 ಮೆಗಾಪಾಸ್ಕಲ್ ಇದ್ದರೆ ಪ್ಲಾಸ್ಟಿಕ್ ಮೇಲೆ 80. ಹೋಲ್ಡಿಂಗ್ ಪ್ರೆಶರ್ 8 ಅಂತಲೇ ಸಾಫ್ಟ್‌ವೇರ್‌ಗೆ ಕೊಟ್ಟುಬಿಟ್ಟು "ಸಿಂಕ್ ಮಾರ್ಕ್ ಭಯಂಕರ ತೋರಿಸ್ತಿದೆ" ಅನ್ನುವವರು ಇದ್ದಾರೆ. ಸಿಂಕ್ ಮಾರ್ಕ್ ಅಂದರೆ ಮೇಲ್ಮೈ ಒಳಕ್ಕೆ ಕುಸಿದ ಗುಳಿ.

ನಾಝಲ್ ಸೇರಿಸದೆ ಓಡಿಸಿದರೆ ಮಷಿನ್ ತೋರಿಸುವ ಪ್ರೆಶರ್ ಸಿಮ್ಯುಲೇಶನ್‌ಗಿಂತ ಜಾಸ್ತಿ ಇರಲೇಬೇಕು. ಆ ವ್ಯತ್ಯಾಸದ ದೊಡ್ಡ ಪಾಲು ಏರ್ ಶಾಟ್ ಪ್ರೆಶರ್. ಅದಕ್ಕೇ ಮೊದಲೇ ಅಳೆದಿಡಿ ಅಂದದ್ದು. ನಾಝಲ್ ಸೇರಿಸಿದ ಮೇಲೂ ಏರ್ ಶಾಟ್ ಕಳೆಯುತ್ತಾ ಕೂತರೆ ಒಂದೇ ನಷ್ಟವನ್ನು ಎರಡು ಸಲ ಲೆಕ್ಕ ಹಾಕಿದಂತೆ.

ಮಷಿನ್ ಡೇಟಾಬೇಸ್‌ನಿಂದ ಹೆಸರು ನೋಡಿ ಆರಿಸಬೇಡಿ. ಅದೇ ಮಾಡೆಲ್‌ನ ಮಷಿನ್ ಬೇರೆ ಬೇರೆ ಸ್ಕ್ರೂ ವ್ಯಾಸದಲ್ಲಿ ಬರುತ್ತದೆ. ಸ್ಕ್ರೂ ವ್ಯಾಸ, ಗರಿಷ್ಠ ಇಂಜೆಕ್ಷನ್ ಪ್ರೆಶರ್, ಗರಿಷ್ಠ ವೇಗ ಈ ಮೂರನ್ನೂ ಮಷಿನ್ ಪ್ಲೇಟ್ ನೋಡಿ ಹೊಂದಿಸಿ. ಹಳೇ ಮಷಿನ್‌ನಲ್ಲಿ ಚೆಕ್ ರಿಂಗ್, ಅಂದರೆ ತಳ್ಳುವಾಗ ಪ್ಲಾಸ್ಟಿಕ್ ಹಿಂದಕ್ಕೆ ಹೋಗದಂತೆ ತಡೆಯುವ ಬಳೆ, ಸವೆದಿದ್ದರೆ ಯಾವ ಫೀಚರೂ ಅದನ್ನು ಊಹಿಸುವುದಿಲ್ಲ. ಕುಶನ್, ಅಂದರೆ ತಳ್ಳಿ ಮುಗಿದ ಮೇಲೆ ಸ್ಕ್ರೂ ಮುಂದೆ ಉಳಿಯುವ ಪ್ಲಾಸ್ಟಿಕ್, ಪ್ರತಿ ಶಾಟ್‌ಗೂ ಬದಲಾಗುತ್ತಿದ್ದರೆ ಆ ಮಷಿನ್‌ನ ಡೇಟಾ ಹೋಲಿಕೆಗೆ ಬೇಡ.

7. ಮೆಟೀರಿಯಲ್ ಕಾರ್ಡ್: ಹೊಸ ಮಾಡೆಲ್ ಇದ್ದರೂ ಡೇಟಾ ಇಲ್ಲದಿದ್ದರೆ ಸುಮ್ನೆ

ಪ್ಲಾಸ್ಟಿಕ್ ಎಷ್ಟು ದಪ್ಪಗೆ ಹರಿಯುತ್ತದೆ (ವಿಸ್ಕಾಸಿಟಿ) ಅನ್ನುವುದಕ್ಕೆ ಹೆಚ್ಚಿನ ಕಡೆ ಕ್ರಾಸ್-ಡಬ್ಲ್ಯುಎಲ್‌ಎಫ್ ಮಾಡೆಲ್ ಬಳಸುತ್ತಾರೆ. ಒತ್ತಡ, ತಾಪಮಾನ ಬದಲಾದಾಗ ಗಾತ್ರ ಎಷ್ಟು ಬದಲಾಗುತ್ತದೆ ಅನ್ನುವುದಕ್ಕೆ ಟೇಟ್ ಮಾಡೆಲ್, ಇದನ್ನೇ ಪಿವಿಟಿ ಡೇಟಾ ಅನ್ನುವುದು. ಹೊಸ ವರ್ಷನ್‌ಗಳು ಇದರ ಮೇಲೆ ಇನ್ನಷ್ಟು ಸೇರಿಸುತ್ತಾ ಬಂದಿವೆ: ಅಗಲದಿಂದ ಕಿರಿದಾದ ಜಾಗಕ್ಕೆ ನುಗ್ಗುವಾಗಿನ ಹೆಚ್ಚುವರಿ ಪ್ರೆಶರ್ ನಷ್ಟ, ಒತ್ತಡಕ್ಕೆ ದಪ್ಪಗಾಗುವ ಗುಣ, ಹರಳುಗಟ್ಟುವಿಕೆಯ ಲೆಕ್ಕ, ವಿಸ್ಕೋಇಲಾಸ್ಟಿಕ್ ಲೆಕ್ಕ, ಅಂದರೆ ಹರಿಯುವ ಗುಣದ ಜೊತೆಗೆ ರಬ್ಬರಿನಂತೆ ಹಿಂದಕ್ಕೆ ಎಳೆಯುವ ಗುಣವನ್ನೂ ಸೇರಿಸುವುದು.

ಫೀಚರ್ ಚೆನ್ನಾಗಿಯೇ ಇದೆ. ಆದರೆ ಪ್ರತಿಯೊಂದಕ್ಕೂ ಬೇರೆ ಬೇರೆ ಪರೀಕ್ಷೆಯ ಡೇಟಾ ಬೇಕು. ನಿಮ್ಮ ಗ್ರೇಡ್‌ಗೆ ಆ ಡೇಟಾ ಅಳೆದಿಲ್ಲ ಅಂದರೆ ಸಾಫ್ಟ್‌ವೇರ್ ಅದೇ ಕುಟುಂಬದ ಸರಾಸರಿ ಬೆಲೆ ಹಾಕಿಕೊಳ್ಳಬಹುದು, ಅಥವಾ ಆ ಪದವನ್ನೇ ಸೊನ್ನೆ ಮಾಡಿಕೊಳ್ಳಬಹುದು. ಟಿಕ್ ಹಾಕಿದ್ದೀರಿ, ಲೆಕ್ಕದಲ್ಲಿ ಏನೂ ಸೇರಿಲ್ಲ. ಆದ್ದರಿಂದ ಕಾರ್ಡ್ ತೆರೆದು ಪ್ರತಿ ಪುಟ ನೋಡಿ: ಯಾವುದು ಅಳೆದದ್ದು, ಯಾವುದು ಅಂದಾಜು, ಯಾವಾಗ ಅಳೆದದ್ದು. ಮೋಲ್ಡ್‌ಫ್ಲೋದಲ್ಲಿ ಫಿಲ್, ಪ್ಯಾಕ್, ವಾರ್ಪ್ ಪ್ರತಿಯೊಂದಕ್ಕೂ ಬೇರೆ ಬೇರೆಯಾಗಿ ಗೋಲ್ಡ್, ಸಿಲ್ವರ್, ಬ್ರಾಂಜ್ ಅಂತ ಗುಣಮಟ್ಟದ ಗುರುತು ಇರುತ್ತದೆ. ಫಿಲ್‌ಗೆ ಗೋಲ್ಡ್ ಇರುವ ಮೆಟೀರಿಯಲ್‌ಗೆ ವಾರ್ಪ್‌ನಲ್ಲಿ ಬ್ರಾಂಜ್ ಇರಬಹುದು. ಅಂಥ ಕಾರ್ಡ್ ಇಟ್ಟುಕೊಂಡು ವಾರ್ಪೇಜ್‌ನ ಹೊಸ ಫೀಚರ್ ಪರೀಕ್ಷೆ ಮಾಡಿ "ಫೀಚರ್ ಸರಿ ಇಲ್ಲ" ಅನ್ನುವುದು ನ್ಯಾಯ ಅಲ್ಲ, ಅಲ್ವಾ?

ಮೆಟೀರಿಯಲ್ ಸಿಗದಿದ್ದಾಗ ಎಂಎಫ್‌ಐ ಒಂದನ್ನೇ ನೋಡಿ ಬದಲಿ ಗ್ರೇಡ್ ಆರಿಸುವುದು ತುಂಬಾ ಕಾಣುವ ತಪ್ಪು. ಎಂಎಫ್‌ಐ ಅಂದರೆ ಒಂದು ತಾಪಮಾನ, ಒಂದು ತೂಕದ ಕೆಳಗೆ 10 ನಿಮಿಷಕ್ಕೆ ಎಷ್ಟು ಗ್ರಾಂ ಹರಿಯಿತು ಅನ್ನುವ ಒಂದೇ ಒಂದು ಬಿಂದು, ಅದೂ ತೀರಾ ಕಡಿಮೆ ಶಿಯರ್‌ನಲ್ಲಿ. ಮೋಲ್ಡ್ ಒಳಗೆ ನಡೆಯುವುದು ಅದಕ್ಕಿಂತ ಎಷ್ಟೋ ಪಟ್ಟು ವೇಗದಲ್ಲಿ. ಬದಲಿ ಆರಿಸಲೇಬೇಕು ಅಂದರೆ ಪೂರ್ತಿ ವಿಸ್ಕಾಸಿಟಿ ಗೆರೆಗಳನ್ನು ಒಂದರ ಮೇಲೊಂದು ಇಟ್ಟು ನೋಡಿ. ಫಿಲ್ಲರ್ (ಪ್ಲಾಸ್ಟಿಕ್‌ಗೆ ಬೆರೆಸಿದ ಗ್ಲಾಸ್, ಪುಡಿಯಂಥದ್ದು) ಪ್ರಮಾಣ ಒಂದೇ ಇರಲಿ.

ರೀಸೈಕಲ್ ಪ್ಲಾಸ್ಟಿಕ್ ಬಳಸುವವರಿಗೆ ಒಂದು ಮಾತು. ಕೆಲವು ಡೇಟಾಬೇಸ್‌ಗಳಲ್ಲಿ ರೀಸೈಕಲ್ ಗ್ರೇಡ್‌ಗಳ ಕಾರ್ಡ್ ಸಿಗುತ್ತಿವೆ, ಒಳ್ಳೆ ಸುದ್ದಿ. ಆದರೆ ಅಂಥ ಮೆಟೀರಿಯಲ್ ಬ್ಯಾಚಿನಿಂದ ಬ್ಯಾಚಿಗೆ ಬದಲಾಗುತ್ತದೆ. ಒಂದೇ ಉತ್ತರ ತೆಗೆದುಕೊಳ್ಳದೆ, ವಿಸ್ಕಾಸಿಟಿ ಸ್ವಲ್ಪ ಮೇಲೆ, ಸ್ವಲ್ಪ ಕೆಳಗೆ ಇಟ್ಟು ಮೂರು ರನ್ ಮಾಡಿ. ಮೂರರಲ್ಲೂ ಪಾರ್ಟ್ ತುಂಬಿದರೆ ಮಾತ್ರ ಗೇಟ್ ಜಾಗ ಸರಿ ಅಂತ ಒಪ್ಪಿಕೊಳ್ಳಿ.

8. ಕೂಲಿಂಗ್

ಕನ್ಫಾರ್ಮಲ್ ಕೂಲಿಂಗ್, ಅಂದರೆ ಪಾರ್ಟಿನ ಆಕಾರವನ್ನೇ ಅನುಸರಿಸಿ ಬಾಗಿ ಹೋಗುವ ನೀರಿನ ದಾರಿ, ಮೆಟಲ್ ತ್ರೀಡಿ ಪ್ರಿಂಟಿಂಗ್ ಬಂದ ಮೇಲೆ ಬಳಕೆಗೆ ಬಂದಿದೆ. ಇದಕ್ಕೆ ಹಳೇ ಸರಾಸರಿ ತಾಪಮಾನದ ಲೆಕ್ಕ ಸಾಲದು. ಹರಿಯುವ ನೀರನ್ನೂ ತ್ರೀಡಿಯಲ್ಲಿ ಬಿಡಿಸುವ, ಸೈಕಲ್‌ನಿಂದ ಸೈಕಲ್‌ಗೆ ಮೋಲ್ಡ್ ಹೇಗೆ ಬಿಸಿಯಾಗುತ್ತಾ ಹೋಗುತ್ತದೆ ಅಂತ ತೋರಿಸುವ ಟ್ರಾನ್ಸಿಯೆಂಟ್ ಲೆಕ್ಕ ಬೇಕು. ಸಾದಾ ಡ್ರಿಲ್ ಮಾಡಿದ ನೀರಿನ ದಾರಿ ಇರುವ, ಆರಾಮವಾಗಿ ಓಡುವ ಮೋಲ್ಡ್‌ಗೆ ಇದನ್ನು ಆನ್ ಮಾಡಿ ಗಂಟೆಗಟ್ಟಲೆ ಕಾಯುವ ಅಗತ್ಯ ಇಲ್ಲ.

ಯಾವುದನ್ನೇ ಬಳಸಿ, ಎರಡು ಬೆಲೆ ನೋಡಿ. ರೆನಾಲ್ಡ್ಸ್ ನಂಬರ್, ಅಂದರೆ ನೀರು ಸುಮ್ಮನೆ ಜಾರಿ ಹೋಗುತ್ತಿದೆಯಾ ಸುಳಿ ಸುಳಿಯಾಗಿ ಹೋಗುತ್ತಿದೆಯಾ ಅಂತ ಹೇಳುವ ಸಂಖ್ಯೆ, 4000 ದಾಟಲೇಬೇಕು, 10000ದ ಹತ್ತಿರ ಇದ್ದರೆ ಚೆನ್ನ. ಒಳಗೆ ಹೋಗುವ ಮತ್ತು ಹೊರಗೆ ಬರುವ ನೀರಿನ ತಾಪಮಾನದ ವ್ಯತ್ಯಾಸ 2–3 ಡಿಗ್ರಿ ಒಳಗೆ ಇರಲಿ.

ಇಲ್ಲಿ ಎಡವುವ ಜಾಗ ಒಂದೇ: ಚಿಲ್ಲರ್ (ನೀರು ತಣಿಸುವ ಯಂತ್ರ) ಮೇಲೆ ಇಟ್ಟ ತಾಪಮಾನವನ್ನೇ ಮೋಲ್ಡ್ ಮೇಲ್ಮೈ ತಾಪಮಾನ ಅಂತ ಕೊಟ್ಟುಬಿಡುವುದು. ಮೇಲ್ಮೈ ಯಾವಾಗಲೂ ನೀರಿಗಿಂತ ಬಿಸಿ ಇರುತ್ತದೆ. ಮಷಿನ್ ನಿಲ್ಲಿಸಿದ ತಕ್ಷಣ ಪ್ರೋಬ್ ಇಟ್ಟು ಅಳೆಯಿರಿ. ಇನ್ನು, ತಣಿಯುವ ಸಮಯ ದಪ್ಪದ ವರ್ಗಕ್ಕೆ ತಕ್ಕಂತೆ ಏರುತ್ತದೆ. 2 ಮಿಲಿಮೀಟರ್ ಗೋಡೆ 3 ಆದರೆ ಸಮಯ ಎರಡೂಕಾಲು ಪಟ್ಟು. ಫೀಚರ್ ತೋರಿಸುವ ಸೈಕಲ್ ಟೈಮ್ ಉಳಿತಾಯ ಈ ಲೆಕ್ಕಕ್ಕೆ ತೀರಾ ವಿರುದ್ಧ ಇದ್ದರೆ ಅನುಮಾನ ಪಡಿ.

9. ಫೈಬರ್ ಮತ್ತು ವಾರ್ಪೇಜ್

ಗ್ಲಾಸ್ ಫೈಬರ್ ಇರುವ ಮೆಟೀರಿಯಲ್‌ನಲ್ಲಿ ಪಾರ್ಟ್ ಬಾಗುವುದಕ್ಕೆ ದೊಡ್ಡ ಕಾರಣ ಫೈಬರ್‌ಗಳು ಯಾವ ಕಡೆ ಮುಖ ಮಾಡಿ ಮಲಗಿವೆ ಅನ್ನುವುದು. ಗೋಡೆಯ ಹತ್ತಿರ ಹರಿವಿನ ದಿಕ್ಕಿಗೆ, ನಡುವಿನ ಪದರದಲ್ಲಿ ಅಡ್ಡಕ್ಕೆ ಮಲಗುವುದು ಸಾಮಾನ್ಯ. ಫೈಬರ್ ಮಲಗಿದ ದಿಕ್ಕಿನಲ್ಲಿ ಪಾರ್ಟ್ ಕಡಿಮೆ ಕುಗ್ಗುತ್ತದೆ, ಅಡ್ಡ ದಿಕ್ಕಿನಲ್ಲಿ ಜಾಸ್ತಿ. 1984ರ ಫೋಲ್ಗರ್-ಟಕರ್ ಮಾಡೆಲ್‌ನಿಂದ ಶುರುವಾಗಿ, ಫೈಬರ್‌ಗಳು ನಿಜದಲ್ಲಿ ಇನ್ನೂ ನಿಧಾನಕ್ಕೆ ತಿರುಗುತ್ತವೆ ಅಂತ ತಿದ್ದಿದ ಆರ್‌ಎಸ್‌ಸಿ, ಉದ್ದ ಫೈಬರ್‌ಗೆ ಎಆರ್‌ಡಿ ಹೀಗೆ ಬೆಳೆಯುತ್ತಾ ಬಂದಿದೆ. ಹೊಸ ವರ್ಷನ್ ಇದರ ಡಿಫಾಲ್ಟನ್ನು ಬದಲಾಯಿಸಿದ್ದರೆ ನಿಮ್ಮ ವಾರ್ಪೇಜ್ ಬದಲಾಗಿಯೇ ಆಗುತ್ತದೆ. ಮೊದಲಿನ ಪ್ರಶ್ನೆ ಕೇಳಿದವರು ಈ ಜಾಗವನ್ನು ಎಲ್ಲಕ್ಕಿಂತ ಮುಂಚೆ ನೋಡಿ.

ಪರೀಕ್ಷೆ ಮಾಡುವಾಗ ಒಟ್ಟು ವಾರ್ಪೇಜ್ ಒಂದನ್ನೇ ನೋಡಬೇಡಿ. ಕಾರಣಗಳನ್ನು ಬಿಡಿಸಿ ತೋರಿಸುವ ಆಯ್ಕೆ ಇರುತ್ತದೆ: ಅಸಮ ಶ್ರಿಂಕೇಜ್, ಅಸಮ ಕೂಲಿಂಗ್, ಓರಿಯೆಂಟೇಶನ್, ಮೂಲೆಗಳ ಪರಿಣಾಮ. ಎರಡು ವರ್ಷನ್‌ಗಳ ನಡುವೆ ಯಾವುದು ಬದಲಾಯಿತೋ ಅದು ನಿಮಗೆ ದಾರಿ ತೋರಿಸುತ್ತದೆ. ಕೂಲಿಂಗ್ ಭಾಗ ಬದಲಾಗಿದ್ದರೆ ಫೈಬರ್ ಮಾಡೆಲ್ ಮೇಲೆ ಆರೋಪ ಹಾಕಿ ಪ್ರಯೋಜನ ಇಲ್ಲ.

ಅಳತೆ ಹೋಲಿಸುವಾಗ ಆಧಾರದ ಮೂರು ಬಿಂದು ಎರಡೂ ಕಡೆ ಒಂದೇ ಇರಬೇಕು. ಅಳತೆ ಯಂತ್ರದಲ್ಲಿ ಪಾರ್ಟನ್ನು ಯಾವ ಮೂರು ಜಾಗದ ಮೇಲೆ ಕೂರಿಸಿದ್ದರೋ ಸಾಫ್ಟ್‌ವೇರ್‌ನಲ್ಲೂ ಅವೇ ಮೂರನ್ನು ಆಂಕರ್ ಮಾಡಿ. ಚಿತ್ರದಲ್ಲಿ ಬಾಗುವಿಕೆಯನ್ನು 5 ಪಟ್ಟು, 10 ಪಟ್ಟು ಹಿಗ್ಗಿಸಿ ತೋರಿಸಿರುತ್ತಾರೆ, ಅದನ್ನು ನೋಡಿ ಗಾಬರಿ ಬೇಡ, ಸಂಖ್ಯೆ ಓದಿ.

ಬಾಗಿದ ಆಕಾರವನ್ನು ತಿರುಗಿಸಿ, ಮೋಲ್ಡನ್ನೇ ಉಲ್ಟಾ ಬಾಗಿಸಿ ಕತ್ತರಿಸುವಂತೆ ಕ್ಯಾಡ್ ಫೈಲ್ ಕೊಡುವ ಫೀಚರ್ ಬಗ್ಗೆ ಜಾಸ್ತಿ ಜನ ಕೇಳುತ್ತಾರೆ. ಇದು ಶಕ್ತಿಯುತ ಫೀಚರ್, ಅಪಾಯವೂ ಇದೆ. ನಿಮ್ಮ ಪರೀಕ್ಷೆಯ ಪಾರ್ಟ್‌ನಲ್ಲಿ ಬಾಗಿದ ದಿಕ್ಕು ಮತ್ತು ಪ್ರಮಾಣ ಎರಡೂ ಶಾಪ್ ಫ್ಲೋರ್ ಜೊತೆ ಹೊಂದುವವರೆಗೂ ಇದನ್ನು ಉಕ್ಕಿನ ಮೇಲೆ ಪ್ರಯೋಗಿಸಬೇಡಿ. ಹೊಂದಿದ ಮೇಲೂ ತಿರುಗಿಸಿದ ಆಕಾರವನ್ನು ಮತ್ತೊಮ್ಮೆ ಸಿಮ್ಯುಲೇಟ್ ಮಾಡಿ. ಡ್ರಾಫ್ಟ್ ಕೋನ (ಪಾರ್ಟ್ ಸುಲಭವಾಗಿ ಹೊರಬರಲು ಗೋಡೆಗೆ ಕೊಟ್ಟ ಓರೆ) ಉಳಿದಿದೆಯಾ, ಅಂಡರ್‌ಕಟ್ (ಪಾರ್ಟ್ ಸಿಕ್ಕಿಕೊಳ್ಳುವ ಜಾಗ) ಹುಟ್ಟಿಕೊಂಡಿದೆಯಾ, ಪಾರ್ಟಿಂಗ್ ಲೈನ್ (ಮೋಲ್ಡ್‌ನ ಎರಡು ಭಾಗ ಸೇರುವ ಗೆರೆ) ಎಲ್ಲಿ ಬಂತು ಅಂತ ಟೂಲ್ ರೂಮ್‌ನವರ ಜೊತೆ ಕೂತು ನೋಡಿ.

10. ಕ್ಲೌಡ್, ಗ್ರಾಫಿಕ್ಸ್ ಕಾರ್ಡ್, ಎಐ

ಗ್ರಾಫಿಕ್ಸ್ ಕಾರ್ಡ್ ಎಲ್ಲಾ ಲೆಕ್ಕಕ್ಕೂ ಉಪಯೋಗಕ್ಕೆ ಬರುವುದಿಲ್ಲ, ನೀವು ಬಳಸುವ ಅನಾಲಿಸಿಸ್‌ಗೆ ಬೆಂಬಲ ಇದೆಯಾ ಅಂತ ನೋಡಿಕೊಂಡು ಕಾರ್ಡ್ ತೆಗೆದುಕೊಳ್ಳಿ. ಕ್ಲೌಡ್‌ಗೆ ಕಳಿಸುವ ಮೊದಲು ಗ್ರಾಹಕರ ಜೊತೆಗಿನ ಗೌಪ್ಯತೆಯ ಒಪ್ಪಂದ ಓದಿ, ಪಾರ್ಟಿನ ಫೈಲ್ ಹೊರಗೆ ಹೋಗಬಾರದು ಅಂತ ಅದರಲ್ಲಿ ಇರಬಹುದು.

ಎಐ ಹೆಸರಿನಲ್ಲಿ ಬರುವ ಫೀಚರ್‌ಗಳಲ್ಲಿ ಹಲವು ಹೀಗೆ ಕೆಲಸ ಮಾಡುತ್ತವೆ: ಸೆಟ್ಟಿಂಗ್ ಬದಲಾಯಿಸುತ್ತಾ ಹಲವು ರನ್ ಮಾಡಿ, ಅವುಗಳಿಂದ ಕಲಿತು, ನಡುವಿನ ಬೆಲೆಗಳಿಗೆ ತಕ್ಷಣ ಉತ್ತರ ಹೇಳುವುದು. ಕಲಿತ ವ್ಯಾಪ್ತಿಯ ಒಳಗೆ ಚೆನ್ನಾಗಿ ಹೇಳುತ್ತದೆ. ಮೆಲ್ಟ್ ತಾಪಮಾನ 220ರಿಂದ 250ರವರೆಗೆ ಕಲಿಸಿ 270ಕ್ಕೆ ಉತ್ತರ ಕೇಳಿದರೆ ಅದೂ ಏನೋ ಹೇಳುತ್ತದೆ, ನೀವು ನಂಬಬಾರದು. ಅದು ಸೂಚಿಸಿದ ಕೊನೆಯ ಸೆಟ್ಟಿಂಗನ್ನು ಪೂರ್ತಿ ಸಾಲ್ವರ್‌ನಲ್ಲಿ ಒಂದು ಸಲ ಓಡಿಸಿಯೇ ಶಾಪ್ ಫ್ಲೋರ್‌ಗೆ ಕೊಡಿ.

11. ತೀರ್ಮಾನ ಮಾಡಿ, ಬರೆದಿಡಿ

ಪ್ರತಿ ಫೀಚರ್‌ಗೆ ಒಂದು ಸಾಲು: ಆಫ್ ಇದ್ದಾಗ ಬೆಲೆ, ಆನ್ ಆದಾಗ ಬೆಲೆ, ಶಾಪ್ ಫ್ಲೋರ್ ಬೆಲೆ, ಹೆಚ್ಚುವರಿ ತೆಗೆದುಕೊಂಡ ಸಮಯ. ಶಾಪ್ ಫ್ಲೋರ್ ಕಡೆಗೆ ಸರಿದರೆ ಇಟ್ಟುಕೊಳ್ಳಿ. ಸರಿಯಲಿಲ್ಲ, ಸಮಯ ಮಾತ್ರ ಜಾಸ್ತಿ ಆಯಿತು ಅಂದರೆ ಸದ್ಯಕ್ಕೆ ಆಫ್ ಇರಲಿ. ದೂರ ಹೋದರೆ ಮೊದಲು ಮೆಟೀರಿಯಲ್ ಡೇಟಾ ಮತ್ತು ಮಷಿನ್ ಡೇಟಾ ಮೇಲೆ ಅನುಮಾನ ಪಡಿ, ಆಮೇಲೆ ಫೀಚರ್ ಮೇಲೆ. ಹೊಂದಿಸಬೇಕು ಅಂತ ಮೆಲ್ಟ್ ತಾಪಮಾನವನ್ನೋ ಗುಣಾಂಕವನ್ನೋ ಎಳೆದಾಡಬೇಡಿ. ಒಂದು ಪಾರ್ಟಿಗೆ ಹಾಗೆ ಹೊಂದಿಸಿದ ಬೆಲೆ ಮುಂದಿನ ಪಾರ್ಟಿಗೆ ಕೈ ಕೊಡುತ್ತದೆ.

ನಡೆಯುತ್ತಿರುವ ಪ್ರಾಜೆಕ್ಟ್‌ಗಳನ್ನು ಶುರು ಮಾಡಿದ ವರ್ಷನ್‌ನಲ್ಲೇ ಮುಗಿಸಿ. ಗ್ರಾಹಕರಿಗೆ ಮೊದಲ ರಿಪೋರ್ಟ್ ಹಳೆಯದರಲ್ಲಿ, ತಿದ್ದುಪಡಿಯ ರಿಪೋರ್ಟ್ ಹೊಸದರಲ್ಲಿ ಕೊಟ್ಟರೆ, ಗೇಟ್ ಜರುಗಿಸಿದ್ದರಿಂದ ಸುಧಾರಿಸಿತಾ ಸಾಲ್ವರ್ ಬದಲಾಗಿದ್ದರಿಂದ ಸುಧಾರಿಸಿತಾ ಅಂತ ನಿಮಗೂ ಗೊತ್ತಾಗುವುದಿಲ್ಲ, ಅವರಿಗೂ ಗೊತ್ತಾಗುವುದಿಲ್ಲ. ಪ್ರತಿ ರಿಪೋರ್ಟಿನ ಮೊದಲ ಪುಟದಲ್ಲೇ ಸಾಫ್ಟ್‌ವೇರ್ ವರ್ಷನ್, ಅಪ್‌ಡೇಟ್ ಸಂಖ್ಯೆ, ಮೆಶ್ ಜಾತಿ, ಮೆಟೀರಿಯಲ್ ಕಾರ್ಡ್‌ನ ದಿನಾಂಕ, ಡಿಫಾಲ್ಟ್‌ಗಿಂತ ಬೇರೆ ಇಟ್ಟ ಸೆಟ್ಟಿಂಗ್‌ಗಳು ಇರಲಿ.

ಏನೇ ಮಾಡಿದರೂ ಎರಡು ವರ್ಷನ್‌ಗಳ ನಡುವಿನ ವ್ಯತ್ಯಾಸಕ್ಕೆ ಕಾರಣ ಸಿಗಲಿಲ್ಲ ಅಂದರೆ ಸಾಫ್ಟ್‌ವೇರ್ ಕೊಟ್ಟವರ ಸಪೋರ್ಟ್‌ಗೆ ಬರೆಯಿರಿ. ಬರೀ "ವಾರ್ಪೇಜ್ ತಪ್ಪು ಬರ್ತಿದೆ" ಅಂತ ಬರೆದರೆ ವಾರಗಟ್ಟಲೆ ಪ್ರಶ್ನೆಗಳೇ ವಾಪಸ್ ಬರುತ್ತವೆ. ನಿಮ್ಮ ಪರೀಕ್ಷೆಯ ಪಾರ್ಟಿನ ಫೈಲ್, ಎರಡೂ ವರ್ಷನ್‌ಗಳ ಲಾಗ್, ಶಾರ್ಟ್ ಶಾಟ್ ಫೋಟೋಗಳು, ಅಳತೆಯ ಪಟ್ಟಿ ಎಲ್ಲವನ್ನೂ ಒಂದೇ ಸಲ ಕಳಿಸಿ. ಪರೀಕ್ಷೆಗೆ ನಿಮ್ಮದೇ ಪಾರ್ಟನ್ನು, ಅಥವಾ ಹಂಚಿಕೊಳ್ಳಲು ಅನುಮತಿ ಇರುವ ಪಾರ್ಟನ್ನು ಆರಿಸಿಕೊಂಡಿದ್ದರೆ ಈ ಹೊತ್ತಿನಲ್ಲಿ ಯಾರನ್ನೂ ಕೇಳದೆ ಅವತ್ತೇ ಕಳಿಸಬಹುದು.